ಪರುಷ ಮತ್ತು ಕರಿಗಲ್ಲು: ಕ್ಯಾಸಲ್‌ರಾಕ್ ಸೀಮೆಯನ್ನು ಆಧರಿಸಿದ ಒಂದು ವಿಮರ್ಶೆ

ಕಲ್ಲು ಜಡವಸ್ತು. ಆದರೆ ಜನಪದರ ಕಲ್ಪನೆಯಲ್ಲಿ ಅದು ಯಾವತ್ತೂ ಸುಮ್ಮನೆ ಬಿದ್ದಿರುವುದಿಲ್ಲ. ನೆಟ್ಟ ಕಲ್ಲು ದೇವರಾಗುತ್ತದೆ, ಕೆತ್ತಿದ ಕಲ್ಲು ವೀರನ ನೆನಪಾಗುತ್ತದೆ, ಹೂತ ಕಲ್ಲು ಗಡಿಯಾಗುತ್ತದೆ. ಇವೆಲ್ಲಕ್ಕಿಂತ ಭಿನ್ನವಾದ ಇನ್ನೊಂದು ಕಲ್ಲು ಕನ್ನಡದ ಕಥನ ಪರಂಪರೆಯಲ್ಲಿ ಬಹುಕಾಲದಿಂದ ಸಂಚರಿಸುತ್ತ ಬಂದಿದೆ. ಅದನ್ನು ಕಂಡವರಿಲ್ಲ. ಆದರೆ ಅದರ ಗುಣವನ್ನು ಬಲ್ಲವರು ಎಲ್ಲರೂ. ಕಬ್ಬಿಣವನ್ನು ಮುಟ್ಟಿ ಹೊನ್ನಾಗಿಸುವ ಆ ಕಲ್ಲೇ ಪರುಷ. ಸಂಸ್ಕೃತದ ‘ಸ್ಪರ್ಶ’ ಎಂಬ ಪದದ ತದ್ಭವವಾದ ಈ ಮಾತಿನಲ್ಲಿಯೇ ಅದರ ಕ್ರಿಯೆ ಅಡಗಿದೆ. ಪರುಷವನ್ನು ಕುರಿತ ಅಧ್ಯಯನಗಳು ಸಾಮಾನ್ಯವಾಗಿ ಕಬ್ಬಿಣಕ್ಕೆ ಏನಾಯಿತು ಎಂಬುದನ್ನೇ ಗಮನಿಸಿವೆ. ಕಲ್ಲನ್ನು ಹಿಡಿದ ಮನುಷ್ಯನಿಗೆ ಏನಾಯಿತು ಎಂಬ ಪ್ರಶ್ನೆ ಹಿಂದೆ ಸರಿದಿದೆ. ಪ್ರಸ್ತುತ ಲೇಖನವು ಈ ಎರಡನೆಯ ಪ್ರಶ್ನೆಯನ್ನು ಮುಂದೆ ತಂದು, ಉತ್ತರ ಕನ್ನಡ ಜಿಲ್ಲೆಯ ಜೋಯಿಡಾ ತಾಲೂಕಿನ ಕ್ಯಾಸಲ್‌ರಾಕ್ ಸೀಮೆಯಲ್ಲಿ ನಿಜವಾಗಿಯೂ ದೊರೆತ ಒಂದು ಕರಿಯ ಖನಿಜದ ಪಕ್ಕದಲ್ಲಿರಿಸಿ ಪರಿಶೀಲಿಸುತ್ತದೆ.

1. ಪರುಷದ ನಿಯಮಗಳು

ಪರುಷದ ಕಲ್ಪನೆಗೆ ತನ್ನದೇ ಆದ ಕಟ್ಟುಪಾಡುಗಳಿವೆ. ಮೊದಲನೆಯದಾಗಿ, ಅದು ಕೆಲಸ ಮಾಡುವುದು ಕಬ್ಬಿಣದ ಮೇಲೆ. ನೇಗಿಲು, ಕುಡುಗೋಲು, ಸರಪಳಿಗಳ ಲೋಹವಾದ ಕಬ್ಬಿಣವು ದುಡಿಮೆಯ ಸಂಕೇತ. ಹೊನ್ನು ಸಂಗ್ರಹದ ಸಂಕೇತ. ಆದ್ದರಿಂದ ಪರುಷದ ಕ್ರಿಯೆಯೆಂದರೆ ದುಡಿಮೆಯನ್ನು ದುಡಿಮೆಯಿಲ್ಲದೆ ಸಂಪತ್ತಾಗಿಸುವುದು. ಎರಡನೆಯದಾಗಿ, ಪರುಷವು ಕಬ್ಬಿಣವನ್ನು ಹೊನ್ನಾಗಿಸಬಲ್ಲುದೇ ಹೊರತು ಇನ್ನೊಂದು ಪರುಷವನ್ನಾಗಿಸಲಾರದು. ಭಾರತೀಯ ಅನುಭಾವ ಪರಂಪರೆಯು ಈ ಮಿತಿಯನ್ನು ಚೆನ್ನಾಗಿ ಗುರುತಿಸಿದೆ. ಗುರುವು ಪರುಷಕ್ಕಿಂತ ಮಿಗಿಲು, ಏಕೆಂದರೆ ಅವನು ಶಿಷ್ಯನನ್ನು ತನ್ನಂತೆಯೇ ಮಾಡಬಲ್ಲ ಎಂಬ ವಾದ ಹುಟ್ಟುವುದು ಇಲ್ಲಿಂದ. ಮೂರನೆಯದಾಗಿ, ಮುಟ್ಟುವ ಕಲ್ಲು ಮಾತ್ರ ಬದಲಾಗದೆ ಉಳಿಯುತ್ತದೆ. ಅದು ಸವೆಯುವುದಿಲ್ಲ, ದಣಿಯುವುದಿಲ್ಲ. ಸವೆಯುವವನು ಅದರ ಒಡೆಯ.

ಗ್ರೀಕರ ಮೈಡಾಸ್ ದೊರೆಯ ಕಥೆಯೊಡನೆ ಹೋಲಿಸಿದಾಗ ಈ ಮೂರನೆಯ ನಿಯಮದ ಮಹತ್ವ ಸ್ಪಷ್ಟವಾಗುತ್ತದೆ. ಅಲ್ಲಿ ಹೊನ್ನಾಗಿಸುವ ಶಕ್ತಿಯಿರುವುದು ಮನುಷ್ಯನ ಕೈಯಲ್ಲಿ. ಅವನು ಮುಟ್ಟಿದ ಅನ್ನವೂ ಹೊನ್ನಾಗುವುದರಿಂದ ಶಿಕ್ಷೆ ಕೂಡಲೇ ದೊರೆಯುತ್ತದೆ. ಪರುಷದಲ್ಲಾದರೋ ಶಕ್ತಿಯಿರುವುದು ಮನುಷ್ಯನ ಹೊರಗೆ, ಒಂದು ವಸ್ತುವಿನಲ್ಲಿ. ಅದನ್ನು ಬಚ್ಚಿಡಬಹುದು, ಕದಿಯಬಹುದು, ಕಳೆದುಕೊಳ್ಳಬಹುದು. ಹೀಗಾಗಿ ಶಿಕ್ಷೆ ನಿಧಾನವಾಗಿ ಬರುತ್ತದೆ. ಗುಟ್ಟು, ಸಂಶಯ, ನಿದ್ರೆಗೇಡುಗಳ ರೂಪದಲ್ಲಿ ಬರುತ್ತದೆ. ನಿಧಿಯನ್ನು ಕುರಿತ ಕನ್ನಡದ ಐತಿಹ್ಯಗಳಲ್ಲಿಯೂ ಇದೇ ಬಗೆಯ ಪರಿಣಾಮವನ್ನು ಕಾಣಬಹುದು. ನೆಲದಡಿಯ ಕೊಪ್ಪರಿಗೆ ಬಲಿ ಬೇಡುತ್ತದೆ, ಹಾವು ಅದನ್ನು ಕಾಯುತ್ತದೆ, ಅಗೆದವನ ಮನೆ ಏಳಿಗೆಯಾಗುವುದಿಲ್ಲ. ನೆಲದಿಂದ ತೆಗೆದ ಸಂಪತ್ತಿಗೆ ಬೆಲೆ ತೆರಬೇಕು ಎಂಬ ಗ್ರಹಿಕೆ ಇವೆಲ್ಲಕ್ಕೂ ಸಮಾನವಾದುದು.

ಬಂಗಾಳಿಯಲ್ಲಿ ಈ ಆಶಯ ಎರಡು ಮುಖ್ಯ ರೂಪಗಳನ್ನು ತಳೆದಿದೆ. ರವೀಂದ್ರನಾಥ ಠಾಕೂರರ ‘ಸೋನಾರ್ ತರಿ’ ಸಂಕಲನದಲ್ಲಿರುವ ‘ಪರಶ್ ಪಾಥರ್’ ಕವಿತೆಯ ನಾಯಕ ಒಬ್ಬ ಹುಚ್ಚ. ಸಮುದ್ರದ ದಂಡೆಯಲ್ಲಿ ಪರುಷವನ್ನು ಹುಡುಕುತ್ತ, ಹೆಕ್ಕುತ್ತ, ಎಸೆಯುತ್ತ ಹೋಗುವ ಅವನಿಗೆ ತನ್ನ ಸರಪಳಿ ಹೊನ್ನಾದದ್ದು ಯಾವಾಗ ಎಂಬುದೇ ತಿಳಿಯುವುದಿಲ್ಲ. ಪರಶುರಾಮ ಎಂಬ ಹೆಸರಿನಲ್ಲಿ ಬರೆಯುತ್ತಿದ್ದ ರಾಜಶೇಖರ ಬಸು ಅವರ ಕಥೆಯನ್ನು ಆಧರಿಸಿ ಸತ್ಯಜಿತ್ ರಾಯ್ 1958ರಲ್ಲಿ ತೆರೆಗೆ ತಂದ ‘ಪರಶ್ ಪಾಥರ್’ ಚಿತ್ರದಲ್ಲಿ ಸಾಮಾನ್ಯ ಗುಮಾಸ್ತನೊಬ್ಬನಿಗೆ ಆ ಕಲ್ಲು ಸಿಗುತ್ತದೆ. ಕೊನೆಗೆ ಅವನ ಸಹಾಯಕ ಅದನ್ನು ನುಂಗುತ್ತಾನೆ. ಕಲ್ಲು ಹೊಟ್ಟೆಯಲ್ಲಿ ಕರಗಿದಂತೆ ಹೊನ್ನೆಲ್ಲ ಮರಳಿ ಕಬ್ಬಿಣವಾಗುತ್ತದೆ. ಒಂದರಲ್ಲಿ ಕಲ್ಲು ಮನಸ್ಸನ್ನು ಹೊಕ್ಕಿದೆ, ಇನ್ನೊಂದರಲ್ಲಿ ದೇಹವನ್ನು. ಈ ಎರಡು ಪ್ರವೇಶಗಳೂ ಮುಂದಿನ ಚರ್ಚೆಗೆ ಅಗತ್ಯವಾದವು.

2. ಶರಣರ ಪ್ರತಿವಾದ

ಹನ್ನೆರಡನೆಯ ಶತಮಾನದ ಶರಣರು ಪರುಷದ ರೂಪಕವನ್ನು ಹೇರಳವಾಗಿ ಬಳಸಿದ್ದಾರೆ. ಬಸವಕಲ್ಯಾಣದಲ್ಲಿ ಬಸವಣ್ಣನವರ ಹೆಸರಿನೊಡನೆ ಬೆರೆತ ಸ್ಥಳವೊಂದನ್ನು ಇಂದಿಗೂ ಪರುಷಕಟ್ಟೆ ಎಂದೇ ಕರೆಯುತ್ತಾರೆ. ಆದರೆ ಶರಣರ ಬಳಕೆಯಲ್ಲಿ ಒಂದು ತಿರುವಿದೆ. ಮೋಳಿಗೆಯ ಮಾರಯ್ಯನ ಐತಿಹ್ಯವನ್ನು ಇಲ್ಲಿ ಗಮನಿಸಬಹುದು. ಕಟ್ಟಿಗೆ ಮಾರಿ ಜಂಗಮದಾಸೋಹ ನಡೆಸುತ್ತಿದ್ದ ಮಾರಯ್ಯನ ಮನೆಯಲ್ಲಿ ಬಸವಣ್ಣನವರು ಗುಟ್ಟಾಗಿ ಹೊನ್ನನ್ನು ಇರಿಸಿ ಬರುತ್ತಾರೆ. ಮಾರಯ್ಯನಿಗೆ ಅದು ಉಪಕಾರವಾಗಿ ಕಾಣದೆ ತನ್ನ ಕಾಯಕಕ್ಕೆ ಒದಗಿದ ಕುಂದಾಗಿ ಕಾಣುತ್ತದೆ. ಜಂಗಮರ ಪಾದೋದಕದಿಂದ ಕಟ್ಟಿಗೆಯನ್ನೇ ಹೊನ್ನಾಗಿಸಿ ಅವರಿಗೆ ಕೊಟ್ಟುಬಿಡುತ್ತಾನೆ. ತಾನು ಮಾತ್ರ ಕಟ್ಟಿಗೆಯ ಕಾಯಕಕ್ಕೆ ಮರಳುತ್ತಾನೆ. ಪವಾಡದ ಹೊರಕವಚವನ್ನು ಬದಿಗಿಟ್ಟು ನೋಡಿದರೆ ಇಲ್ಲಿ ನಡೆದಿರುವುದು ಪರುಷದ ತಲೆಕೆಳಗು. ಹೊನ್ನಾಗಿಸುವ ಶಕ್ತಿಯಿದ್ದೂ ಅದನ್ನು ಬಳಸಿ ದುಡಿಮೆಯಿಂದ ತಪ್ಪಿಸಿಕೊಳ್ಳದಿರುವುದೇ ಶರಣನ ಲಕ್ಷಣ ಎಂದು ಕಥೆ ಹೇಳುತ್ತದೆ.

ಚಾಮರಸನ ‘ಪ್ರಭುಲಿಂಗಲೀಲೆ’ಯಲ್ಲಿ ಬರುವ ಗೋರಕ್ಷನ ಪ್ರಸಂಗ ಇದೇ ವಾದದ ಮತ್ತೊಂದು ಮುಖ. ಸಿದ್ಧಸಾಧನೆಯಿಂದ ದೇಹವನ್ನು ವಜ್ರದಂತೆ ಗಟ್ಟಿಯಾಗಿಸಿಕೊಂಡವನು ಗೋರಕ್ಷ. ಕತ್ತಿಯ ಏಟು ಅವನ ಮೈಗೆ ತಾಗಿ ಸದ್ದು ಮಾಡುತ್ತದೆ. ಅಲ್ಲಮನ ಮೈಯಲ್ಲಿ ಅದೇ ಕತ್ತಿ ಬಯಲಿನಲ್ಲಿ ಆಡಿದಂತೆ ಹಾದುಹೋಗುತ್ತದೆ. ಖನಿಜದಂತೆ ಗಟ್ಟಿಯಾಗುವುದು ಸಿದ್ಧಿಯಲ್ಲ, ಸೋಲು ಎಂಬ ತೀರ್ಮಾನ ಇಲ್ಲಿದೆ. ದೇಹ ಕಲ್ಲಾಗುವುದನ್ನು ಕನ್ನಡ ಪರಂಪರೆ ಹೊಗಳಿಕೆಯಾಗಿ ಸ್ವೀಕರಿಸಲಿಲ್ಲ. ಮಂಟೇಸ್ವಾಮಿ ಕಾವ್ಯದ ಸಿದ್ಧಪ್ಪಾಜಿಯ ಭಾಗದಲ್ಲಿಯೂ ಲೋಹಕ್ಕೆ ಸಂಬಂಧಿಸಿದ ಮಹತ್ವದ ಸಂಗತಿಯೊಂದಿದೆ. ಅವನು ಹಲಗೂರಿನ ಪಾಂಚಾಳರ ಬಳಿಗೆ ಹೋಗುವುದು ಹೊನ್ನಿಗಾಗಿ ಅಲ್ಲ, ಕಬ್ಬಿಣದ ಭಿಕ್ಷೆಗಾಗಿ. ನೀಲಗಾರರು ಹಾಡುವ ಈ ಕಾವ್ಯದಲ್ಲಿ ಕಬ್ಬಿಣವು ಹೊನ್ನಾಗಬೇಕಾದ ಕೀಳು ಲೋಹವಲ್ಲ. ತನ್ನಷ್ಟಕ್ಕೆ ತಾನೇ ಬೇಡಿ ಪಡೆಯಬೇಕಾದ ವಸ್ತು.

3. ಕ್ಯಾಸಲ್‌ರಾಕ್: ನೆಲ ಮತ್ತು ಗಣಿ

ಕಲ್ಯಾಣದ ಕ್ರಾಂತಿಯ ನಂತರ ಚೆನ್ನಬಸವಣ್ಣನವರು ಶರಣರೊಂದಿಗೆ ಬಂದು ನೆಲೆಸಿದ ಕ್ಷೇತ್ರ ಉಳವಿ. ಅದು ಇರುವುದು ಜೋಯಿಡಾ ತಾಲೂಕಿನಲ್ಲಿ. ಧಾರವಾಡ, ಬೆಳಗಾವಿ ಸೀಮೆಯ ರೈತರು ಚಕ್ಕಡಿ ಕಟ್ಟಿಕೊಂಡು ಇಲ್ಲಿಯ ಜಾತ್ರೆಗೆ ಬರುವ ವಾಡಿಕೆ ಇಂದಿಗೂ ಉಳಿದಿದೆ. ಉಳವಿಯ ಸುತ್ತಲಿನ ಆಕಳಗವಿ, ಮಹಾಮನೆಗವಿಗಳು ಶರಣರ ನೆನಪನ್ನು ಕಲ್ಲಿನಲ್ಲಿಯೇ ಉಳಿಸಿಕೊಂಡಿವೆ. ಪರುಷಕಟ್ಟೆಯಿಂದ ಹೊರಟ ದಾರಿಯ ಕೊನೆಯಲ್ಲಿರುವ ಈ ತಾಲೂಕಿನಲ್ಲಿಯೇ, ಗೋವೆಯ ಗಡಿಗೆ ತಾಗಿದಂತೆ, ಕ್ಯಾಸಲ್‌ರಾಕ್ ಇದೆ.

ಕ್ಯಾಸಲ್‌ರಾಕ್ ರೈಲು ಕಟ್ಟಿದ ಊರು. 1878ರ ಆಂಗ್ಲ–ಪೋರ್ಚುಗೀಸ್ ಒಪ್ಪಂದದ ಫಲವಾಗಿ ಮರ್ಮಗೋವಾ ಬಂದರಿನಿಂದ ಘಟ್ಟ ಹತ್ತಿ ಬಂದ ಮೀಟರ್‌ಗೇಜ್ ಮಾರ್ಗ 1880ರ ದಶಕದ ಕೊನೆಯಲ್ಲಿ ಇಲ್ಲಿಗೆ ತಲುಪಿತು. 1961ರಲ್ಲಿ ಗೋವಾ ವಿಮೋಚನೆಯಾಗುವವರೆಗೂ ಇದು ಎರಡು ಆಳ್ವಿಕೆಗಳ ನಡುವಿನ ಗಡಿನಿಲ್ದಾಣವಾಗಿತ್ತು. ಕೊಂಕಣಿ, ಮರಾಠಿ, ಕನ್ನಡಗಳು ಬೆರೆತ ಈ ಸೀಮೆಯಲ್ಲಿ ಕುಣಬಿಗರು, ಗೌಳಿಗರು ಮೊದಲಿನಿಂದ ನೆಲೆಸಿದವರು. ರೈಲು, ಮರ, ಗಣಿಗಳು ಹೊರಗಿನ ಕೂಲಿಕಾರರನ್ನೂ ಬರಮಾಡಿದವು.

ಹೀಗೆ ಬಂದವರನ್ನು ಸೆಳೆದ ಖನಿಜ ಮ್ಯಾಂಗನೀಸ್. ಭಾರತದಲ್ಲಿ ಇದರ ಗಣಿಗಾರಿಕೆ 1890ರ ದಶಕದಲ್ಲಿ ಆಂಧ್ರದ ವಿಜಯನಗರಂ ಭಾಗದಲ್ಲಿ ಆರಂಭವಾಯಿತು. ಎಲ್. ಲೀ ಫರ್ಮರ್ ದೇಶದ ಮ್ಯಾಂಗನೀಸ್ ನಿಕ್ಷೇಪಗಳನ್ನು ಕುರಿತು ಬರೆದ ಬೃಹತ್ ಗ್ರಂಥ 1909ರಲ್ಲಿ ಭಾರತೀಯ ಭೂವೈಜ್ಞಾನಿಕ ಸರ್ವೇಕ್ಷಣೆಯಿಂದ ಪ್ರಕಟವಾಯಿತು. ಕರ್ನಾಟಕದಲ್ಲಿ ಸಂಡೂರು, ಕುಂಸಿ, ಚಿಕ್ಕನಾಯಕನಹಳ್ಳಿಗಳ ಜೊತೆಗೆ ಸೂಪಾ–ಕ್ಯಾಸಲ್‌ರಾಕ್ ಪಟ್ಟಿಯೂ ಈ ಅದಿರಿನ ನೆಲೆಗಳಲ್ಲೊಂದು. ಧಾರವಾಡ ಶಿಲಾವರ್ಗದ ಪದರಗಲ್ಲುಗಳಲ್ಲಿ ವಿರಳವಾಗಿ ಹರಡಿದ್ದ ಮ್ಯಾಂಗನೀಸ್ ಅಂಶ ಘಟ್ಟದ ಭಾರೀ ಮಳೆಯಲ್ಲಿ ತೊಳೆದು, ಇಳಿದು, ಜಂಬಿಟ್ಟಿಗೆಯ ಜೊತೆ ಕರಿಯ ಗಡ್ಡೆಗಳಾಗಿ ಒಗ್ಗೂಡಿತು. ಪೈರೋಲುಸೈಟ್, ಸೈಲೋಮಿಲೇನ್ ಎಂಬ ಹೆಸರುಗಳಿಂದ ಗುರುತಿಸಲಾಗುವ ಈ ಅದಿರುಗಳಲ್ಲಿ ಮೊದಲನೆಯದು ಮೃದುವಾದುದು. ಮುಟ್ಟಿದರೆ ಬೆರಳಿಗೆ ಮಸಿಯಂತೆ ಹತ್ತುತ್ತದೆ. ಪರುಷ ಮುಟ್ಟಿದ್ದನ್ನು ಹೊಳೆಯಿಸುತ್ತದೆ. ಈ ಕಲ್ಲು ಮುಟ್ಟಿದವರನ್ನೇ ಕಪ್ಪಾಗಿಸುತ್ತದೆ.

4. ಕರಿಗಲ್ಲಿನ ಎರಡು ಕ್ರಿಯೆಗಳು

ಮ್ಯಾಂಗನೀಸ್‌ನ ಚರಿತ್ರೆಯನ್ನು ಓದಿದರೆ ರಸವಾದಿಗಳ ಕನಸು ಬೇರೊಂದು ದಾರಿಯಲ್ಲಿ ನನಸಾದಂತೆ ತೋರುತ್ತದೆ. ಯೂರೋಪಿನ ಗಾಜುಗಾರರು ಶತಮಾನಗಳ ಹಿಂದೆಯೇ ಇದರ ಪುಡಿಯನ್ನು ಬೆರೆಸಿ ಹಸುರು ಛಾಯೆಯ ಗಾಜನ್ನು ತಿಳಿಯಾಗಿಸುತ್ತಿದ್ದರು. ಪೈರೋಲುಸೈಟ್ ಎಂಬ ಹೆಸರಿಗೆ ‘ಬೆಂಕಿಯಿಂದ ತೊಳೆಯುವುದು’ ಎಂಬ ಅರ್ಥ ಬಂದದ್ದು ಹಾಗೆ. 1774ರಲ್ಲಿ ಸ್ವೀಡನ್ನಿನ ಗಾನ್ ಇದನ್ನು ಲೋಹವಾಗಿ ಬೇರ್ಪಡಿಸಿದನು. 1856ರಲ್ಲಿ ಇಂಗ್ಲೆಂಡಿನ ರಾಬರ್ಟ್ ಮುಶೆಟ್, ಬೆಸೆಮರ್ ವಿಧಾನದಲ್ಲಿ ತಯಾರಾದ ಲೋಹಕ್ಕೆ ಮ್ಯಾಂಗನೀಸ್ ಬೆರೆತ ಕಬ್ಬಿಣವನ್ನು ಸೇರಿಸಿ ಒಳ್ಳೆಯ ಉಕ್ಕನ್ನು ಪಡೆಯಬಹುದೆಂದು ತೋರಿಸಿದನು. ಕಬ್ಬಿಣದಲ್ಲಿ ಉಳಿದ ಆಮ್ಲಜನಕ, ಗಂಧಕಗಳನ್ನು ಹಿಡಿದು ಅದನ್ನು ಗಟ್ಟಿಗೊಳಿಸುವುದು ಇದರ ಕೆಲಸ. 1882ರಲ್ಲಿ ಹ್ಯಾಡ್‌ಫೀಲ್ಡ್ ರೂಪಿಸಿದ ಮ್ಯಾಂಗನೀಸ್ ಉಕ್ಕು ರೈಲುಹಳಿಗಳು ಕೂಡುವ ಕಡೆಗಳಲ್ಲಿ ಬಳಕೆಗೆ ಬಂದಿತು. ಇಂದಿಗೂ ಲೋಕದ ಮ್ಯಾಂಗನೀಸ್‌ನಲ್ಲಿ ಸುಮಾರು 90 ಪ್ರತಿಶತ ಉಕ್ಕಿನ ಉದ್ಯಮಕ್ಕೇ ಸಲ್ಲುತ್ತದೆ. ಕಬ್ಬಿಣದ ಗುಣವನ್ನು ಬದಲಿಸಿ ಅದರ ಬೆಲೆಯನ್ನು ಹೆಚ್ಚಿಸುವ ಕಲ್ಲೊಂದು ನಿಜವಾಗಿಯೂ ಇದೆ ಎಂಬುದು ಇದರಿಂದ ಸಿದ್ಧವಾಗುತ್ತದೆ. ಆದರೆ ಅದರ ಹೆಸರು ಪರುಷವಲ್ಲ.

ಎರಡನೆಯ ಕ್ರಿಯೆ ಮನುಷ್ಯನ ಮೇಲೆ ನಡೆಯುವುದು. 1837ರಲ್ಲಿ ಗ್ಲಾಸ್ಗೋದ ವೈದ್ಯ ಕೂಪರ್, ಮ್ಯಾಂಗನೀಸ್ ಅದಿರನ್ನು ಅರೆಯುತ್ತಿದ್ದ ಕೂಲಿಕಾರರ ಕಾಲುಗಳು ಶಕ್ತಿಗುಂದಿದ್ದನ್ನೂ ಅವರ ನಡಿಗೆ ಕೆಟ್ಟದ್ದನ್ನೂ ದಾಖಲಿಸಿದನು. ಮುಂದೆ ಚಿಲಿ ದೇಶದ ಗಣಿಗಾರರಲ್ಲಿ ಕಂಡ ಸ್ಥಿತಿಯನ್ನು ‘ಮ್ಯಾಂಗನೀಸ್ ಹುಚ್ಚು’ ಎಂಬ ಅರ್ಥದ ಸ್ಪ್ಯಾನಿಷ್ ಹೆಸರಿನಿಂದಲೇ ಕರೆಯಲಾಯಿತು. ಮೊರಾಕ್ಕೊ ಗಣಿಗಳ ಕೆಲಸಗಾರರನ್ನು ಕುರಿತು ರೋಡಿಯರ್ 1955ರಲ್ಲಿ ವಿವರವಾದ ವರದಿಯನ್ನು ಪ್ರಕಟಿಸಿದನು. ಉಸಿರಿನೊಂದಿಗೆ ಒಳಹೊಕ್ಕ ಧೂಳಿನಲ್ಲಿರುವ ಮ್ಯಾಂಗನೀಸ್ ಮಿದುಳಿನ ಆಳದಲ್ಲಿ, ಚಲನೆಯನ್ನು ನಿಯಂತ್ರಿಸುವ ಭಾಗಗಳಲ್ಲಿ ಸಂಚಯವಾಗುತ್ತದೆ. ಮೊದಲು ಕಾಣುವುದು ಮನಸ್ಸಿನ ಏರುಪೇರು: ಕಾರಣವಿಲ್ಲದ ನಗು, ಅಳು, ಸಿಡುಕು, ಇಲ್ಲದ್ದು ಕಂಡಂತಾಗುವುದು. ಅನಂತರ ಮುಖ ಮುಖವಾಡದಂತೆ ಬಿಗಿಯುತ್ತದೆ, ಮಾತು ತಗ್ಗುತ್ತದೆ, ನಡೆಯುವವನು ಹುಂಜದಂತೆ ಕಾಲ್ಬೆರಳುಗಳ ಮೇಲೆ ಹೆಜ್ಜೆಯಿಡುತ್ತಾನೆ. ವಿಶೇಷವೆಂದರೆ ಇದೇ ಮ್ಯಾಂಗನೀಸ್ ಅತ್ಯಲ್ಪ ಪ್ರಮಾಣದಲ್ಲಿ ದೇಹಕ್ಕೆ ಅವಶ್ಯಕ. ಭಾರತದ 1948ರ ಕಾರ್ಖಾನೆ ಕಾಯ್ದೆಯು ಮ್ಯಾಂಗನೀಸ್ ವಿಷಬಾಧೆಯನ್ನು ವರದಿ ಮಾಡಬೇಕಾದ ರೋಗಗಳ ಪಟ್ಟಿಯಲ್ಲಿ ಸೇರಿಸಿತ್ತು.

5. ಎರಡು ತಪ್ಪು ಓದುಗಳು

ಈ ಸಾಮಗ್ರಿಯನ್ನು ಎದುರಿಗಿಟ್ಟುಕೊಂಡ ಸಂಶೋಧಕನಿಗೆ ಎರಡು ಸುಲಭದ ದಾರಿಗಳಿವೆ. ಎರಡೂ ದೋಷಯುಕ್ತವಾದವು.

ಮೊದಲನೆಯದು ಆಶಯಸೂಚಿಯ ದಾರಿ. ಸ್ಟಿತ್ ಥಾಮ್ಸನ್ನನ ಸೂಚಿಯಲ್ಲಿ ಮಾಂತ್ರಿಕ ವಸ್ತುಗಳ ವಿಭಾಗದಡಿ ಪರುಷಕ್ಕೊಂದು ಅಂಕೆಯನ್ನು ಕೊಟ್ಟು, ಅದರ ಪಾಠಾಂತರಗಳನ್ನು ಪಟ್ಟಿಮಾಡಿ, ಅದ್ಭುತದ ವರ್ಗಕ್ಕೆ ಸೇರಿಸಿಬಿಡುವುದು. ಈ ವಿಧಾನ ಸಾಮಗ್ರಿಯನ್ನು ಒಪ್ಪವಾಗಿಸುತ್ತದೆ ನಿಜ. ಆದರೆ ಕಥೆಯನ್ನು ಹೇಳಿದವರ ನೆಲವನ್ನು ಅಳಿಸಿಹಾಕುತ್ತದೆ. ಗಣಿಯ ಪಕ್ಕದಲ್ಲಿ ಹೇಳಿದ ನಿಧಿಯ ಕಥೆಗೂ ಹೊಲದ ಬದುವಿನಲ್ಲಿ ಹೇಳಿದ ನಿಧಿಯ ಕಥೆಗೂ ಸೂಚಿಯಲ್ಲಿ ಒಂದೇ ಅಂಕೆ. ಕೇಳುಗರ ಬದುಕಿನಲ್ಲಿ ಅವು ಒಂದೇ ಅಲ್ಲ.

ಎರಡನೆಯದು ಬಿಡಿಸಿ ಹೇಳುವ ದಾರಿ. ‘ಹುಚ್ಚು ಹಿಡಿಸುವ ಕಲ್ಲು’, ‘ನಿಧಿ ಅಗೆದವನಿಗೆ ಬಡಿದ ಗಾಳಿ’ ಮೊದಲಾದ ನಂಬಿಕೆಗಳ ಹಿಂದೆ ಮ್ಯಾಂಗನೀಸ್ ವಿಷಬಾಧೆಯ ಅನುಭವವಿದೆ ಎಂದು ಸಾರಿಬಿಡುವುದು. ಇದು ಕೇಳಲು ವೈಜ್ಞಾನಿಕವಾಗಿದೆ, ಜನಪದರ ಜಾಣ್ಮೆಗೆ ಗೌರವ ಕೊಟ್ಟಂತೆಯೂ ತೋರುತ್ತದೆ. ಆದರೆ ಪರುಷದ ಹಾಗೂ ನಿಧಿಯ ಕಥೆಗಳು ಮ್ಯಾಂಗನೀಸ್ ಗಣಿಗಳಿಗಿಂತ ಎಷ್ಟೋ ಶತಮಾನ ಹಳೆಯವು. ಆ ಅದಿರೇ ಇಲ್ಲದ ಸೀಮೆಗಳಲ್ಲಿಯೂ ಹರಡಿರುವಂಥವು. ಕಾಲವೂ ಸ್ಥಳವೂ ಹೊಂದದ ಕಡೆ ಕಾರಣವನ್ನು ಆರೋಪಿಸಲಾಗದು.

ಈ ದಾರಿಯ ಅಪಾಯವನ್ನು ತೋರಿಸುವ ನಿದರ್ಶನ ಆಸ್ಟ್ರೇಲಿಯದ ಗ್ರೂಟ್ ಐಲೆಂಡ್ ದ್ವೀಪದ್ದು. ಅಲ್ಲಿ ದೊಡ್ಡ ಮ್ಯಾಂಗನೀಸ್ ಗಣಿಯಿದೆ. ಅಲ್ಲಿಯ ಮೂಲನಿವಾಸಿಗಳ ಕೆಲವು ಕುಟುಂಬಗಳಲ್ಲಿ ನಡಿಗೆ ಕೆಡುವ ಒಂದು ರೋಗ ಕಾಣಿಸಿತು. ಹೆಜ್ಜೆಯ ರೀತಿಯನ್ನು ಕಂಡು ಅದಕ್ಕೆ ‘ಹಕ್ಕಿರೋಗ’ ಎಂಬ ಹೆಸರು ಬಂದಿತು. ನೆಲದಲ್ಲಿ ಮ್ಯಾಂಗನೀಸ್ ಇದೆ, ರೋಗದ ನಡಿಗೆ ಮ್ಯಾಂಗನೀಸ್ ಬಾಧೆಯ ನಡಿಗೆಯನ್ನು ಹೋಲುತ್ತದೆ. ಹಾಗಾಗಿ ಸಂಶೋಧಕರ ಗಮನ ಅದಿರಿನ ಕಡೆಗೆ ಹರಿದುದು ಸಹಜ. ಆದರೆ 1990ರ ದಶಕದಲ್ಲಿ ನಡೆದ ಪರೀಕ್ಷೆಗಳಿಂದ ಅದು ವಂಶವಾಹಿಯಿಂದ ಬರುವ ಮಚಾಡೊ–ಜೋಸೆಫ್ ರೋಗ ಎಂಬುದು ಖಚಿತವಾಯಿತು. ಕಲ್ಲು ಮತ್ತು ರೋಗ ಅಕ್ಕಪಕ್ಕದಲ್ಲಿರುವುದು ಒಂದರಿಂದ ಇನ್ನೊಂದು ಬಂದಿದೆ ಎಂಬುದಕ್ಕೆ ಸಾಕ್ಷಿಯಲ್ಲ ಎಂಬ ಪಾಠವನ್ನು ಜಾನಪದ ಸಂಶೋಧನೆಯೂ ಇದರಿಂದ ಕಲಿಯಬೇಕಾಗಿದೆ.

6. ಮೂರನೆಯ ನೆಲೆ

ಹಾಗಾದರೆ ಪರುಷವನ್ನೂ ಕರಿಗಲ್ಲನ್ನೂ ಒಟ್ಟಿಗೆ ಇಟ್ಟು ನೋಡುವುದರ ಪ್ರಯೋಜನವೇನು? ಕಥೆಯು ರೋಗದ ದಾಖಲೆಯಲ್ಲ; ಅದು ಮೌಲ್ಯದ ವಿಚಾರಣೆ. ವಸ್ತುವಿನ ಬೆಲೆ ಏರಿದಾಗ ಯಾರ ಬಾಳಿನ ಬೆಲೆ ಇಳಿಯಿತು ಎಂದು ಕೇಳುವ ಒಂದು ವಿಧಾನವನ್ನು ಪರುಷದ ಪರಂಪರೆ ಕಟ್ಟಿಕೊಟ್ಟಿದೆ. ಆ ವಿಧಾನವನ್ನು ಗಣಿಯ ಚರಿತ್ರೆಗೆ ಅನ್ವಯಿಸಿದಾಗ ಒಂದು ಮುಖ್ಯ ವ್ಯತ್ಯಾಸ ಎದ್ದು ಕಾಣುತ್ತದೆ. ಕಥೆಯಲ್ಲಿ ಕಲ್ಲಿನ ಒಡೆತನವೂ ಅದರ ಶಿಕ್ಷೆಯೂ ಒಬ್ಬನಿಗೇ ಸೇರಿದವು. ಹೊನ್ನು ಪಡೆದವನೇ ನಿದ್ದೆಗೆಡುತ್ತಾನೆ. ಗಣಿಯಲ್ಲಿ ಇವೆರಡೂ ಬೇರೆಯಾಗಿವೆ. ಅದಿರು ಹಡಗು ಹತ್ತಿ ಹೋಗುವುದು ಒಂದು ಕಡೆಗೆ, ಲಾಭ ಸೇರುವುದು ಇನ್ನೊಂದು ಕಡೆಗೆ, ಧೂಳು ಉಳಿಯುವುದು ಅಗೆದವನ ಎದೆಯಲ್ಲಿ. ಪರುಷದ ಕಥೆಯಲ್ಲಿರುವ ನ್ಯಾಯ ಗಣಿಯಲ್ಲಿಲ್ಲ. ಜನಪದ ಕಥೆಯನ್ನು ಬರಿಯ ಕಲ್ಪನೆ ಎಂದು ತಳ್ಳಿಹಾಕುವವರು ಗಮನಿಸಬೇಕಾದ ಅಂಶವಿದು.

ಕೋಲಾರದ ಚಿನ್ನದ ಗಣಿ ಇದಕ್ಕೆ ಹತ್ತಿರದ ಉದಾಹರಣೆ. 1880ರ ದಶಕದಿಂದ 2001ರ ಫೆಬ್ರವರಿಯವರೆಗೆ ನಡೆದ ಆ ಗಣಿಯಲ್ಲಿ ಕಲ್ಲಿನಿಂದ ಹೊನ್ನು ತೆಗೆಯುವುದು ಕಥೆಯಾಗಿರದೆ ದಿನಗೂಲಿಯಾಗಿತ್ತು. ಕಲ್ಲಿನ ನುಣುಪು ಧೂಳು ಕೆಲಸಗಾರರ ಶ್ವಾಸಕೋಶವನ್ನು ಗಟ್ಟಿಗೊಳಿಸುವ ಸಿಲಿಕೋಸಿಸ್ ರೋಗದ ಬಗ್ಗೆ ಅಲ್ಲಿ 1940ರ ದಶಕದಲ್ಲಿಯೇ ಅಧ್ಯಯನಗಳು ನಡೆದವು. ಗೋರಕ್ಷನ ವಜ್ರದೇಹವನ್ನು ಸೋಲೆಂದು ಕಂಡ ಪರಂಪರೆಗೆ ಈ ಕಲ್ಲಾದ ಎದೆಗಳನ್ನು ಓದುವ ನುಡಿ ಅಪರಿಚಿತವಾಗಬೇಕಾಗಿಲ್ಲ.

ಇಲ್ಲಿ ಕನ್ನಡ ಜಾನಪದ ಅಧ್ಯಯನದ ವಿಧಾನವನ್ನೂ ಪ್ರಶ್ನಿಸಬೇಕಾಗುತ್ತದೆ. ಉತ್ತರ ಕನ್ನಡವು ಜಾನಪದ ಸಂಗ್ರಹದಲ್ಲಿ ಹಿಂದುಳಿದ ಜಿಲ್ಲೆಯಲ್ಲ. ಎಲ್. ಆರ್. ಹೆಗಡೆಯವರಂಥ ವಿದ್ವಾಂಸರು ದಶಕಗಳ ಕಾಲ ಊರೂರು ಸುತ್ತಿ ಇಲ್ಲಿಯ ಹಾಡು, ಕಥೆಗಳನ್ನು ಕೂಡಿಹಾಕಿದ್ದಾರೆ. ಆದರೆ ಸಂಗ್ರಹದ ಘಟಕವಾಗಿ ಬಹುತೇಕ ಆರಿಸಿಕೊಂಡದ್ದು ಜಾತಿ, ಬುಡಕಟ್ಟು ಅಥವಾ ಊರನ್ನು. ಬೇರೆ ಬೇರೆ ಸಮುದಾಯಗಳಿಂದ ಬಂದು ಒಂದು ಗಣಿಯಲ್ಲಿ, ಒಂದು ರೈಲುಗ್ಯಾಂಗಿನಲ್ಲಿ ಕೂಡಿ ದುಡಿದವರ ಜಾನಪದ ಈ ಚೌಕಟ್ಟಿನಲ್ಲಿ ಸಿಕ್ಕುವುದಿಲ್ಲ. ಸಮಾನವಾದ ಒಂದಾದರೂ ಅಂಶವುಳ್ಳ ಯಾವುದೇ ಗುಂಪು ‘ಜನಪದ’ವೇ ಎಂದು ಅಲನ್ ಡಂಡೆಸ್ ವಿವರಿಸಿದ್ದು ಕನ್ನಡದ ಪಠ್ಯಗಳಲ್ಲಿ ಪರಿಚಿತವಾದ ಮಾತು, ಕ್ಷೇತ್ರಕಾರ್ಯದಲ್ಲಿ ಅದರ ಅನ್ವಯ ವಿರಳ. ಅಮೆರಿಕದ ಜಾರ್ಜ್ ಕಾರ್ಸನ್ ಪೆನ್ಸಿಲ್ವೇನಿಯದ ಕಲ್ಲಿದ್ದಲು ಗಣಿಗಾರರ ಹಾಡುಗಳನ್ನು 1920ರ ದಶಕದಲ್ಲಿಯೇ ಸಂಗ್ರಹಿಸಿ ಪ್ರಕಟಿಸಿದನು. ಅಂಥ ಪ್ರಯತ್ನಕ್ಕೆ ಸಂಡೂರು, ಕೋಲಾರ, ಕ್ಯಾಸಲ್‌ರಾಕ್‌ಗಳಲ್ಲಿ ಸಾಮಗ್ರಿಯ ಕೊರತೆಯಿರಲಿಲ್ಲ. ಅದನ್ನು ಜಾನಪದವೆಂದು ಗುರುತಿಸುವ ಕಣ್ಣಿನ ಕೊರತೆಯಿತ್ತು.

ಈ ಕೆಲಸಕ್ಕೆ ಕಾಲಾವಕಾಶ ಹೆಚ್ಚಿಲ್ಲ. ದಾಂಡೇಲಿ ಅಭಯಾರಣ್ಯ 1956ರಲ್ಲಿಯೂ ಅಣಶಿ ರಾಷ್ಟ್ರೀಯ ಉದ್ಯಾನ 1987ರಲ್ಲಿಯೂ ಘೋಷಿತವಾದವು. 2007ರಲ್ಲಿ ಇವೆರಡೂ ಸೇರಿ ಹುಲಿ ಸಂರಕ್ಷಿತ ಪ್ರದೇಶವಾಗಿ, 2015ರಲ್ಲಿ ಕಾಳಿ ಹುಲಿ ಸಂರಕ್ಷಿತ ಪ್ರದೇಶವೆಂಬ ಹೆಸರನ್ನು ಪಡೆದವು. ಸೂಪಾ ಪಟ್ಟಣವೇ ಕಾಳಿ ನದಿಯ ಅಣೆಕಟ್ಟಿನ ಹಿನ್ನೀರಿನಲ್ಲಿ ಮುಳುಗಿ ತಾಲೂಕಿನ ಕೇಂದ್ರ ಜೋಯಿಡಾಕ್ಕೆ ಸ್ಥಳಾಂತರವಾಯಿತು. ಕಾಡು ಮರಳಿ ಬೆಳೆಯುವುದು ಹಿತವೇ. ಆದರೆ ಅದು ಬೆಳೆಯುವಾಗ ಗಣಿಯ ಗುಂಡಿಗಳ ಜೊತೆಗೆ ಅಲ್ಲಿ ದುಡಿದವರ ಮಾತೂ ಮುಚ್ಚಿಹೋಗುತ್ತದೆ. ಆ ತಲೆಮಾರಿನವರು ಯಾವ ಕಲ್ಲಿಗೆ ಯಾವ ಹೆಸರಿಟ್ಟರು, ಯಾವ ಗುಂಡಿಗೆ ಇಳಿಯುವ ಮುನ್ನ ಯಾರಿಗೆ ಕಾಯಿ ಒಡೆದರು, ಮೈ ಕಾಲು ಬಿಗಿದವನನ್ನು ಯಾರ ಬಳಿಗೆ ಕರೆದೊಯ್ದರು ಎಂಬ ಪ್ರಶ್ನೆಗಳನ್ನು ಕೊಂಕಣಿ, ಮರಾಠಿ, ಕನ್ನಡ ಮೂರರಲ್ಲಿಯೂ ಕೇಳಿ ದಾಖಲಿಸಬೇಕಾಗಿದೆ. ಜೊತೆಗೆ ಅಂಥ ಉತ್ತರಗಳನ್ನು ವೈದ್ಯಕೀಯ ಸಾಕ್ಷ್ಯವೆಂದು ಹಿಗ್ಗಿಸದೆ, ಮೂಢನಂಬಿಕೆಯೆಂದು ಕುಗ್ಗಿಸದೆ ಓದುವ ಶಿಸ್ತು ಬೇಕು.

ಒಟ್ಟಾರೆಯಾಗಿ ಹೇಳುವುದಾದರೆ, ಪರುಷವು ಇಲ್ಲದ ಖನಿಜ. ಅದು ಮನುಷ್ಯರ ಮೇಲೆ ಮಾಡುವ ಪರಿಣಾಮವನ್ನು ಕನ್ನಡ ಪರಂಪರೆ ಎಚ್ಚರಿಕೆಯಿಂದ ಬರೆದಿಟ್ಟಿದೆ. ಮ್ಯಾಂಗನೀಸ್ ಇರುವ ಖನಿಜ. ಕ್ಯಾಸಲ್‌ರಾಕ್ ಸೀಮೆಯಲ್ಲಿ ಅದನ್ನು ಅಗೆದವರ ಮಾತಿಗೆ ಜಾನಪದದ ಸಂಪುಟಗಳಲ್ಲಿ ಜಾಗ ಸಿಕ್ಕಿಲ್ಲ. ಇಲ್ಲದ ಕಲ್ಲಿಗೆ ಸಂದ ಗಮನದ ಒಂದು ಪಾಲಾದರೂ ಇದ್ದ ಕಲ್ಲಿಗೆ, ಅದನ್ನು ಹೊತ್ತ ಹೆಗಲುಗಳಿಗೆ ಸಲ್ಲಬೇಕಾಗಿದೆ.